ಮೂರು ಸಲ

ನನ್ನ ಕೆಲಸ ಕೂಗೋದು.
ಬುಧವಾರಕ್ಕೊಮ್ಮೆ, ಲಿಂಗಸುಗೂರಿನ ಎಸಿ ಕಚೇರಿ ಬಾಗಿಲದಾಗ ನಿಂತು
ಬೇವಿನ ಗಿಡದ ಕಡಿ ಮಾರಿ ಮಾಡಿ, ಮೂರು ಸಲ.
ನಮ್ಮಪ್ಪ ಇದೇ ಹೊಸ್ತಿಲದಾಗ ‘ಹಾಜಿರ್ ಹೈ’ ಅಂತಿದ್ದ.
ನಾನು ಬರೀ ಹೆಸರು ಕೂಗ್ತೀನಿ:
ಗದ್ದೆಮ್ಮ, ಗಂಡ ದಿವಂಗತ ಹುಲಗಪ್ಪ, ಸಾಕಿನ್ ಆನೆಹೊಸೂರು.

ಎರಡನೇ ಸಲಕ್ಕ ಆಕಿ ಎದ್ದು ನಿಂತಿರ್ತಿದ್ಲು.
ಸೆರಗು ಕೊಡವಿ, ಚಪ್ಪಲಿ ಹೊರಗ ಬಿಟ್ಟು,
ಪಹಣಿ ಇದ್ದ ಪ್ಲಾಸ್ಟಿಕ್ ಚೀಲ ಎದಿಗೆ ಒತ್ತಿಕೊಂಡು.
ಆಕಿ ಯಾವತ್ತೂ ಗೈರಾದಾಕಿ ಅಲ್ಲ.
ಗೈರಿದ್ದದ್ದು ಒಳಗಿನ ಕುರ್ಚಿ.

ಚುನಾವಣಿ ಅಂದ್ರು. ಮಂತ್ರಿ ಬರ್ತಾರ ಅಂದ್ರು.
ಕಾಲುವಿ ನೀರಿನ ಮೀಟಿಂಗ್ ಐತಿ, ಸಾಹೇಬ್ರು ರಾಯಚೂರಿಗೆ ಹೋಗ್ಯಾರ ಅಂದ್ರು.
ಬರೆದು ಬರೆದು ಕೈ ನೊಂದು ಗುಮಾಸ್ತ ಶರಣಬಸವ
ಒಂದು ರಬ್ಬರ್ ಮುದ್ರಿ ಮಾಡಿಸಿಬಿಟ್ಟ:
‘ಪೀಠಾಸೀನ ಅಧಿಕಾರಿಗಳು ಅನ್ಯ ಕರ್ತವ್ಯದಲ್ಲಿರುವುದರಿಂದ
ಪ್ರಕರಣವನ್ನು ಮುಂದೂಡಲಾಗಿದೆ.’
ಹನ್ನೊಂದು ವರ್ಷ ಒತ್ತಿ ಒತ್ತಿ ಮೊದಲ ಸಾಲು ಸವೆದು ಹೋತು.
ಯಾರು, ಯಾಕ ಅನ್ನೋದು ಅಳಿಸಿ
‘ಮುಂದೂಡಲಾಗಿದೆ’ ಅನ್ನೋದಷ್ಟ ಉಳೀತು.

ಜಗಳ ಎರಡೆಕರೆ ಹದಿನೇಳು ಗುಂಟೆ ಎರಿ ಹೊಲದ್ದು.
ತವರಿನ ಪಾಲು. ಈಕಿಗೆ ನೋಟೀಸ್ ಕೊಡದ
ಅಣ್ಣನ ಮಗ ಆದಪ್ಪನ ಹೆಸರಿಗೆ ಏರಿಸಿದ್ರು.
ಮ್ಯಾಲ ತಡೆಯಾಜ್ಞೆ ಬಂತು:
ಅವ ಬಿತ್ತಂಗಿಲ್ಲ, ಈಕಿ ಬಿತ್ತಂಗಿಲ್ಲ,
ಜಾಲಿಗೆ ಮಾತ್ರ ಯಾರೂ ನೋಟೀಸ್ ಕೊಡಲಿಲ್ಲ.

ಅವನೂ ಅದೇ ಒಂಬತ್ತರ ಬಸ್ಸಿಗೆ ಬರ್ತಿದ್ದ,
ಅದೇ ಕಲ್ಲಬೆಂಚಿನ ಆ ತುದಿಗೆ ಕುಂದ್ರುತ್ತಿದ್ದ.
ಮೂರನೇ ವರ್ಷಕ್ಕ ಬೆಂಚು ಸಣ್ಣದಾತು.
ಎಲಿ ಕೇಳಿದ, ಕೊಟ್ಲು.
ಸುಣ್ಣ ಕೈಯಿಂದ ಕೈಗೆ ಕೊಟ್ಟರ ಜಗಳ ಹತ್ತತೈತಿ ಅಂತ
ಬೆಂಚಿನ ಮ್ಯಾಲ ಒರೆಸಿ ‘ತಗೋ’ ಅಂದ್ಲು.
ನಾನು ನಕ್ಕೆ. ಅವರಿಬ್ಬರೂ ನಗಲಿಲ್ಲ.

ಯಾರೋ ವಕೀಲ ಹುಡುಗಿ ಕಲಬುರಗಿ ಹೈಕೋರ್ಟಿಗೆ ರಿಟ್ ಹಾಕಿದ್ಲಂತ.
ಆಷಾಢದ ಒಂದು ಮಧ್ಯಾಹ್ನ ಟಪಾಲಿನಾಗ ಬಂತು, ಎರಡೂವರೆ ಹಾಳಿ:
ಮೇಲ್ಮನವಿಯನ್ನು ಮೂರು ತಿಂಗಳೊಳಗೆ ಇತ್ಯರ್ಥಪಡಿಸತಕ್ಕದ್ದು.
ಹಕ್ಕು ಯಾರದೆಂಬ ಬಗ್ಗೆ ಈ ನ್ಯಾಯಾಲಯ
ಯಾವ ಅಭಿಪ್ರಾಯವನ್ನೂ ವ್ಯಕ್ತಪಡಿಸಿಲ್ಲ.
ಇಷ್ಟು ತಡ ಯಾಕ ಅಂತ ಒಬ್ಬರಾದ್ರೂ ಕೇಳಿದ್ರಲ್ಲ,
ನನಗ ಅದ ದೊಡ್ಡದು ಅನಿಸ್ತು.

ಕಡತ ಎಲ್ಲೈತಿ ಅಂತ ಮೂರು ದಿನ ಹುಡುಕಿದ್ರು.
ಇನ್ವರ್ಟರ್ ಅಲುಗಾಡಬಾರದು ಅಂತ ಅದರ ಕೆಳಗ ಇಟ್ಟಿದ್ದವ ನಾನ.
ನಾನ ತೆಗೆದು ಕೊಟ್ಟೆ, ಧೂಳು ಝಾಡಿಸಿ.
ಆಮ್ಯಾಲ ಎಷ್ಟೋ ದಿನ ಆ ಇನ್ವರ್ಟರ್
ಕರೆಂಟು ಹೋದಾಗೆಲ್ಲ ಗಡಗಡ ಅಂತಿತ್ತು.

ಎಂಬತ್ತೆಂಟನೇ ದಿನ ಕುರ್ಚಿ ತುಂಬಿತ್ತು.
ನನ್ನ ದನಿ ಒಳಗ ಯಾರಿಗೋ ತಾಗಿ ತಿರುಗಿ ಬಂತು.
ಸಾಹೇಬ್ರು ತಲಿ ಎತ್ತದ ಓದಿದ್ರು:
ಮೇಲ್ಮನವಿ ಭಾಗಶಃ ಪುರಸ್ಕೃತ.
ಮರುವಿಚಾರಣೆಗಾಗಿ ತಹಶೀಲ್ದಾರರಿಗೆ ಹಿಂತಿರುಗಿಸಲಾಗಿದೆ.
ಪಾಲನಾ ವರದಿ ಅವತ್ತ ಸಂಜೀಕ ಕಲಬುರಗಿಗೆ ಹೋತು.
ಅಲ್ಲಿ ಒಂದು ನಂಬರು ಮುಗೀತು.

‘ಗೆದ್ನೇನೋ ತಮ್ಮಾ, ಸೋತ್ನೇನು?’
ಗದ್ದೆಮ್ಮ ಕೇಳಿದ್ಲು.
ನಾ ಆದಪ್ಪನ ಮಾರಿ ನೋಡಿದೆ.
ಅವ ನನ್ನ ಮಾರಿ ನೋಡಿದ.

ತಹಶೀಲ ಕಚೇರಿ ಇದೇ ಕಂಪೌಂಡಿನಾಗ ಐತಿ, ಬೇವಿನ ಗಿಡದ ಆ ಕಡಿ.
ಅಲ್ಲಿ ಕೂಗೋ ಹುಡುಗ ಹೊಸಬ, ಗುತ್ತಿಗಿ ಮ್ಯಾಲ ಬಂದವ,
ಮೊಬೈಲ್‌ನಾಗ ಮಾರಿ ಇಟ್ಟವ.
ಚಾ ಕುಡಿಸಿ ಹೇಳಿ ಬಂದೆ:
ಆಕೀಗೆ ಎಡಗಿವಿ ಕೇಳಂಗಿಲ್ಲ,
ಗಿಡದ ಬಲಕ್ಕ ನಿಂತು ಕೂಗು.
ನಾಕು ಸಲ ಆದ್ರೂ ಚಿಂತಿಲ್ಲ.